ಅಮೀನನು ಹೊಲಕ್ಕೆ ಬಂದಾಗ
(ಗ್ರಾಮಸೇವಕರ ಭಾಷಣ)



ಬೀಜ, ಗೊಬ್ಬರ, ಬದುಗಳ ಮಾತನ್ನಾಡುವ ಗ್ರಾಮಸೇವಕನು ಇಂದು ಕೋರ್ಟಿನ ಮಾತನ್ನೇಕೆ ಎತ್ತಿದನೆಂದು ನೀವು ಕೇಳಬಹುದು. ಕಾರಣವಿಷ್ಟೇ: ನೆಲವೇ ಕೈಬಿಟ್ಟು ಹೋದರೆ ಸುಧಾರಿಸಿದ ಬೇಸಾಯ ಮಾಡುವುದೆಲ್ಲಿ?

ಒಂದು ಸಂಗತಿಯನ್ನು ಊಹಿಸಿಕೊಳ್ಳಿ. ಅಣ್ಣತಮ್ಮಂದಿರು ಎಂಟು ಎಕರೆ ಹೊಲಕ್ಕಾಗಿ ಕೋರ್ಟಿಗೆ ಹೋದರು. ಅಣ್ಣನಿಗೆ ಡಿಕ್ರಿಯಾಯಿತು. ಆ ಎಂಟರಲ್ಲಿ ಎರಡು ಎಕರೆಯನ್ನು ಅವರ ವಿಧವೆ ಚಿಕ್ಕಮ್ಮ ತನ್ನ ಪಾಲೆಂದು ಬಹಳ ವರ್ಷಗಳಿಂದ ಉತ್ತು ಬಿತ್ತುತ್ತಿದ್ದಾಳೆ. ದಾವೆಯಲ್ಲಿ ಆಕೆಯನ್ನು ಯಾರೂ ಸೇರಿಸಲಿಲ್ಲ. ಆಕೆಗೆ ನೋಟೀಸೂ ಬರಲಿಲ್ಲ. ರಾಗಿಯ ತೆನೆ ಬಲಿಯುವ ಹೊತ್ತಿಗೆ ಅಮೀನನು ಸ್ವಾಧೀನದ ವಾರಂಟು ಹಿಡಿದು ಬದುವಿನ ಮೇಲೆ ನಿಂತಿದ್ದಾನೆ. ಆಕೆ ಏನು ಮಾಡಬೇಕು?

ಕುಡುಗೋಲು ಹಿಡಿದು ಅಡ್ಡ ನಿಲ್ಲಬಾರದು. ಅಮೀನನು ಕೋರ್ಟಿನ ನೌಕರ. ಅವನ ಮೈಮೇಲೆ ಹೋದರೆ ಹೊಲದ ವ್ಯಾಜ್ಯದ ಜೊತೆಗೆ ಫೌಜುದಾರಿ ಕೇಸೂ ಗಂಟುಬೀಳುತ್ತದೆ. ಹಾಗೆಂದು ಹೆದರಿ ಹೊಲ ಬಿಟ್ಟುಕೊಡಬೇಕಾಗಿಯೂ ಇಲ್ಲ. "ನಾನು ಈ ದಾವೆಯಲ್ಲಿ ಪಕ್ಷಗಾರಳಲ್ಲ, ನನ್ನ ಸ್ವಂತ ಹಕ್ಕಿನ ಮೇಲೆ ಸ್ವಾಧೀನದಲ್ಲಿದ್ದೇನೆ" ಎಂದು ಬರೆದುಕೊಟ್ಟು, ವರದಿಯಲ್ಲಿ ಅದನ್ನು ಕಾಣಿಸುವಂತೆ ಕೇಳಬೇಕು. ಆ ಬಳಿಕ ತಡಮಾಡದೆ ವಾರಂಟು ಹೊರಡಿಸಿದ ಕೋರ್ಟಿನಲ್ಲೇ ತಕರಾರು ಅರ್ಜಿ ಹಾಕಬೇಕು.

1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 21ನೇ ಆದೇಶದಲ್ಲಿ 97ರಿಂದ 103ರವರೆಗಿನ ನಿಯಮಗಳು ಇದಕ್ಕಾಗಿಯೇ ಇವೆ. ಹಿಂದೆ ಇಂಥ ತಕರಾರನ್ನು ಮೇಲುಮೇಲೆ ವಿಚಾರಿಸಿ ಬಿಡುತ್ತಿದ್ದರು. ಹಕ್ಕು ಪೂರ್ಣ ತೀರ್ಮಾನವಾಗಲು ಬೇರೆ ದಾವೆ ಹೂಡಬೇಕಾಗಿತ್ತು. 1976ರ ತಿದ್ದುಪಡಿಯಿಂದ ಈ ಅಲೆದಾಟ ತಪ್ಪಿತು. ಅಮಲ್ಜಾರಿ ನಡೆಸುವ ಕೋರ್ಟೇ ಹಕ್ಕಿನ ಪ್ರಶ್ನೆಯನ್ನೆಲ್ಲ ತೀರ್ಮಾನಿಸಬೇಕು. ಆ ತೀರ್ಮಾನಕ್ಕೆ ಡಿಕ್ರಿಯಷ್ಟೇ ಬಲವಿದೆ; ಅದರ ಮೇಲೆ ಅಪೀಲು ಹೋಗಬಹುದು. ತಕರಾರು ಎತ್ತಿದ ಹೊರಗಿನವರನ್ನು ಎಬ್ಬಿಸುವ ಮೊದಲೇ ಅವರ ಅಹವಾಲನ್ನು ವಿಚಾರಿಸಬೇಕೆಂದು ಸುಪ್ರೀಂ ಕೋರ್ಟು 1997ರಲ್ಲಿ ಹೇಳಿದೆ.

ಒಂದು ವೇಳೆ ಆಗಲೇ ಹೊಲದಿಂದ ಎಬ್ಬಿಸಿದ್ದರೆ? ಆಗಲೂ ದಾರಿಯಿದೆ. ಎಬ್ಬಿಸಿದ ದಿನದಿಂದ 30 ದಿನಗಳೊಳಗೆ ಅದೇ ಕೋರ್ಟಿಗೆ ಅರ್ಜಿ ಕೊಡಬೇಕು. ಈ 30 ದಿನಗಳನ್ನು ನೆನಪಿಡಿ. ಸುಗ್ಗಿ ಮುಗಿಯಲಿ, ಹಬ್ಬ ಕಳೆಯಲಿ ಎಂದು ಕೂತರೆ ಕೆಲಸ ಕೆಡುತ್ತದೆ.

ಬರಿಯ ಬಾಯಿಮಾತಿಗೆ ಕೋರ್ಟಿನಲ್ಲಿ ಬೆಲೆಯಿಲ್ಲ. ಪಾಲುಪಟ್ಟಿ, ಕ್ರಯಪತ್ರ, ಕಂದಾಯದ ರಸೀದಿ, ಪಹಣಿ ಇವು ಬೇಕು. 1964ರ ಭೂಕಂದಾಯ ಕಾಯಿದೆಯ 133ನೇ ಕಲಮಿನಂತೆ, ಸುಳ್ಳೆಂದು ರುಜುವಾಗುವವರೆಗೆ ಪಹಣಿಯ ನಮೂದನ್ನು ನಿಜವೆಂದೇ ಭಾವಿಸಬೇಕು. ವಾರಂಟಿನ ಸರ್ವೆ ನಂಬರು, ಹಿಸ್ಸೆ, ಚಕ್ಕುಬಂದಿ ನಿಮ್ಮ ಹೊಲದವೇ ಎಂಬುದನ್ನೂ ಓದಿಸಿ ನೋಡಿರಿ.

ಇನ್ನೊಂದು ಮಾತನ್ನು ನಿಷ್ಠುರವಾಗಿಯೇ ಹೇಳಬೇಕಾಗಿದೆ. ಸೋತವನು ನೆಂಟನನ್ನೋ ಆಳನ್ನೋ ಮುಂದೆ ತಳ್ಳಿ "ಹೊಲ ಇವನದು" ಎನ್ನಿಸುವುದುಂಟು. ಅಂಥ ಕೆಲಸಕ್ಕೆ ನಿಮ್ಮ ಹೆಸರನ್ನು ಸಾಲ ಕೊಡಬೇಡಿ. ಸೋತವನ ಚಿತಾವಣೆಯಿಂದ ಅಡ್ಡಿ ಮಾಡಿದ್ದೆಂದು ಕಂಡುಬಂದರೆ ಕೋರ್ಟು ಸ್ವಾಧೀನ ಕೊಡಿಸುತ್ತದೆ. ಮತ್ತೂ ಅಡ್ಡಿ ಮಾಡಿದರೆ 30 ದಿನಗಳವರೆಗೆ ಸಿವಿಲ್ ಸೆರೆಯಲ್ಲಿಡಬಹುದು. ದಾವೆ ನಡೆಯುತ್ತಿರುವಾಗಲೇ ಸೋತವನಿಂದ ಆ ಜಮೀನನ್ನು ಕೊಂಡವನಿಗೂ ಈ ತಕರಾರಿನ ರಕ್ಷಣೆ ಇಲ್ಲ. ಆದ್ದರಿಂದ ಜಮೀನು ಕೊಳ್ಳುವ ಮುಂಚೆ ಅದರ ಮೇಲೆ ವ್ಯಾಜ್ಯವಿದೆಯೇ ಎಂದು ವಿಚಾರಿಸಿರಿ.

ಗೆದ್ದವನ ಕಷ್ಟವೂ ಸಣ್ಣದಲ್ಲ. ಡಿಕ್ರಿ ಕೈಗೆ ಬಂದರೂ ನೆಲ ಸಿಗದೆ ಮುದುಕರಾದವರಿದ್ದಾರೆ. ಬೆಂಗಳೂರಿನ ಒಂದು ಸ್ವತ್ತಿನ ವ್ಯಾಜ್ಯದಲ್ಲಿ ಸುಪ್ರೀಂ ಕೋರ್ಟು 2021ರಲ್ಲಿ ಎರಡು ಮಾತು ಹೇಳಿತು. ಸ್ವಾಧೀನದ ದಾವೆಯಲ್ಲಿ ಬೇರೆ ಯಾರಿಗಾದರೂ ಹಕ್ಕಿದೆಯೇ ಎಂದು ಪಕ್ಷಗಾರರನ್ನು ಕೇಳಬೇಕು. ಅಮಲ್ಜಾರಿ ಅರ್ಜಿಯನ್ನು ಆರು ತಿಂಗಳೊಳಗೆ ಮುಗಿಸಬೇಕು. ತಡವಾದರೆ ಕಾರಣವನ್ನು ಬರೆದಿಡಬೇಕು. ದಾವೆ ಹೂಡುವವರೇ, ಹೊಲದಲ್ಲಿ ಉಳುವವರನ್ನೆಲ್ಲ ಮೊದಲೇ ಪಕ್ಷಗಾರರನ್ನಾಗಿ ಸೇರಿಸಿರಿ. ಚಿಕ್ಕಮ್ಮನನ್ನು ಮೊದಲೇ ಸೇರಿಸಿದ್ದರೆ ಆಕೆಗೂ ನ್ಯಾಯ, ಅಣ್ಣನಿಗೂ ಕಾಲದ ಉಳಿತಾಯ.

ವಕೀಲರ ಫೀಜಿಗೆ ಹಣವಿಲ್ಲವೆಂದು ಕೈಚೆಲ್ಲಬೇಡಿ. ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿರಿ. 1987ರ ಕಾಯಿದೆಯಂತೆ ಹೆಂಗಸರಿಗೂ, ಪರಿಶಿಷ್ಟ ಜಾತಿ, ಪಂಗಡದವರಿಗೂ ವರಮಾನ ಎಷ್ಟೇ ಇರಲಿ, ಉಚಿತ ನೆರವು ಪಡೆಯುವ ಹಕ್ಕಿದೆ.

ಈ ವಾರವೇ ನಿಮ್ಮ ಪಹಣಿಯನ್ನು ತೆಗೆಸಿ ಓದಿಸಿರಿ. ಹೆಸರು ತಪ್ಪಿದ್ದರೆ ತಿದ್ದಿಸಲು ಅರ್ಜಿ ಕೊಡಿರಿ. ಕಳೆಯನ್ನು ಸಸಿಯಿರುವಾಗಲೇ ಕೀಳಬೇಕೆಂಬುದು ನಿಮಗೆ ಯಾರೂ ಹೇಳಿಕೊಡಬೇಕಾದ ಮಾತಲ್ಲ.