ಶಿವಾಪುರವನ್ನು ತೆರೆಗೆ ತಂದ ಕವಿ



ಖಾನಾಪುರದಿಂದ ದಿನವೂ ರೈಲಿನಲ್ಲಿ ಬೆಳಗಾವಿಗೆ ಬಂದು ನಾನು ವಿಜ್ಞಾನ ಓದುತ್ತಿದ್ದ ಕಾಲ. ಕಾಲೇಜಿನ ನಾಟಕವೊಂದಕ್ಕೆ ಹೆಸರು ಕೊಟ್ಟಿದ್ದೆ. ಎರಡು ಸಾಲು ಓದಿಸಿ, "ತಮ್ಮಾ, ನಿನ್ನ ಮಾತಿನ್ಯಾಗ ಹಳ್ಳಿ ಭಾಳ ಐತಿ, ನೀ ಪರದೆ ಎಳಿ" ಅಂದರು. ಹೇಳಿದವರ ಮಾತೂ ಹಾಗೆಯೇ ಇತ್ತು, ಅದಿರಲಿ. ನಾನು ಪರದೆ ಎಳೆದೆ. ಮುಂದೆ ಎಷ್ಟೋ ದಿನ ಪಟ್ಟಣದವರ ಎದುರು ಬಾಯಿ ಬಿಡಲು ಹಿಂಜರಿಯುತ್ತಿದ್ದೆ.

ಅದೇ ಬೆಳಗಾವಿಯ ಲಿಂಗರಾಜ ಕಾಲೇಜಿನಲ್ಲಿ ಓದಿದ ಒಬ್ಬರು ಅಂಥ ಮಾತನ್ನೇ ಬಂಡವಾಳ ಮಾಡಿಕೊಂಡು ಚಿತ್ರಕಥೆ ಬರೆದು, ಚಲನಚಿತ್ರಗಳನ್ನೂ ನಿರ್ದೇಶಿಸಿದ್ದರು ಎಂಬುದು ಆಗ ನನಗೆ ಗೊತ್ತಿರಲಿಲ್ಲ. ಅವರು ಡಾ. ಚಂದ್ರಶೇಖರ ಕಂಬಾರರು.

ಕಂಬಾರರು ಹುಟ್ಟಿದ್ದು 1937ರ ಜನವರಿ 2ರಂದು, ಹುಕ್ಕೇರಿ ತಾಲ್ಲೂಕಿನ ಘೋಡಗೇರಿಯಲ್ಲಿ, ಘಟಪ್ರಭೆಯ ದಂಡೆಯ ಮೇಲೆ. ಕುಲುಮೆಯ ಮನೆತನ. ಬಡತನದಿಂದ ನಡುವೆ ಶಾಲೆ ಬಿಡಬೇಕಾಯಿತು. ಸಾವಳಗಿ ಮಠದ ಸ್ವಾಮಿಗಳು ಓದಿನ ಖರ್ಚು ವಹಿಸಿಕೊಂಡರು. ಗೋಕಾಕ, ಬೆಳಗಾವಿ, ಧಾರವಾಡಗಳಲ್ಲಿ ಓದು ಸಾಗಿತು. 'ಹೇಳತೇನ ಕೇಳ' ಎಂಬ ನೀಳ್ಗವಿತೆ, ಬಿ.ವಿ. ಕಾರಂತರು ರಂಗಕ್ಕೆ ತಂದ 'ಜೋಕುಮಾರಸ್ವಾಮಿ' ನಾಟಕ, 1991ರಲ್ಲಿ ಸ್ಥಾಪನೆಯಾದ ಹಂಪಿಯ ಕನ್ನಡ ವಿಶ್ವವಿದ್ಯಾಲಯದ ಮೊದಲ ಕುಲಪತಿ ಸ್ಥಾನ, 2010ನೇ ಸಾಲಿನ ಜ್ಞಾನಪೀಠ ಇವೆಲ್ಲ ನಿಮ್ಮ ಪಠ್ಯಪುಸ್ತಕಗಳಲ್ಲಿ ಸಿಗುತ್ತವೆ. ಸಿನಿಮಾದ ಕಂಬಾರರು ಮಾತ್ರ ಅಲ್ಲಿ ಒಂದು ಸಾಲಿನಲ್ಲಿ ಮುಗಿದುಹೋಗುತ್ತಾರೆ.

ತಮ್ಮದೇ ಕಾದಂಬರಿ 'ಕರಿಮಾಯಿ'ಯನ್ನು ಅವರು ಚಿತ್ರವಾಗಿಸಿದರು. ಬಳಿಕ 1979ರಲ್ಲಿ 'ಕಾಡು ಕುದುರೆ', 1981ರಲ್ಲಿ 'ಸಂಗೀತಾ'. 'ಕಾಡು ಕುದುರೆ'ಯ ಹಾಡಿಗೆ ಶಿವಮೊಗ್ಗ ಸುಬ್ಬಣ್ಣನವರು ಅತ್ಯುತ್ತಮ ಹಿನ್ನೆಲೆ ಗಾಯಕರೆಂದು ರಜತ ಕಮಲ ಪಡೆದರು.

ಇಲ್ಲೊಂದು ಸಣ್ಣ ಲೆಕ್ಕ ಮಾಡೋಣ. ಆಗಿನ 35 ಮಿಲಿಮೀಟರ್ ಫಿಲ್ಮಿನಲ್ಲಿ ಸೆಕೆಂಡಿಗೆ 24 ಚಿತ್ರಗಳು ಓಡುತ್ತಿದ್ದವು. ಒಂದು ಅಡಿಗೆ 16 ಚಿತ್ರ. ಅಂದರೆ ಸೆಕೆಂಡಿಗೆ ಒಂದೂವರೆ ಅಡಿ, ನಿಮಿಷಕ್ಕೆ 90 ಅಡಿ. ಕವಿತೆಯ ಸಾಲು ಸರಿಬರದಿದ್ದರೆ ಹಾಳೆ ಹರಿದರಾಯಿತು, ಇಲ್ಲಿ ಪ್ರತಿ ಅಡಿಗೂ ಹಣ. "ನೀನು ಎಲ್ಲಿಗೆ ಹೊರಟಿರುವೆ?" ಎಂದು ನಿಧಾನವಾಗಿ ಹೇಳಿ, ಗಡಿಯಾರ ನೋಡಿ. ಈಗ "ಎಲ್ಲಿಗ್ಹೊಂಟಿ?" ಅನ್ನಿ. ಹೊತ್ತು ಅರ್ಧದಷ್ಟಾಯಿತೇ? ಕೇಳುವವನ ಸಲಿಗೆಯೂ ಅದರಲ್ಲೇ ಬಂತು. ಆಡುಮಾತು ಚಿತ್ರಕಥೆಗೆ ಒಗ್ಗುವುದು ಬರಿಯ ಅಭಿಮಾನದಿಂದಲ್ಲ. ಅದು ಮೊದಲೇ ಬಡಿದು ಹದಗೊಂಡ ಕಬ್ಬಿಣ.

ನಮ್ಮ ಖಾನಾಪುರ ತಾಲ್ಲೂಕಿಗೆ ಗಡಿ ಹಚ್ಚಿಕೊಂಡಿರುವ ಗೋವಾ 1961ರವರೆಗೆ ಪೋರ್ಚುಗಲ್ಲಿನ ಕೈಯಲ್ಲಿತ್ತು. ಆ ಪೋರ್ಚುಗಲ್ಲಿನಲ್ಲೂ ಒಬ್ಬ ಕವಿ ಕ್ಯಾಮೆರಾ ಹಿಡಿದ. ಆಂತೋನಿಯೋ ರೇಯಿಸ್ ಆತನ ಹೆಸರು. ಮನೋವೈದ್ಯೆಯಾದ ಪತ್ನಿ ಮಾರ್ಗರೀದಾ ಕೊರ್ದೈರೊ ಅವರೊಡನೆ 1976ರಲ್ಲಿ ತಮ್ಮ ದೇಶದ ಈಶಾನ್ಯ ಮೂಲೆಯ ಹಳ್ಳಿಗರನ್ನೇ ಮುಂದಿಟ್ಟುಕೊಂಡು 'ತ್ರಾಸ್ ಉಷ್ ಮೋಂತೆಸ್' ಚಿತ್ರ ಮಾಡಿದ. ಅದು ಆ ಸೀಮೆಯ ಹೆಸರೇ. 'ಬೆಟ್ಟಗಳ ಆಚೆ' ಎಂದು ಅರ್ಥ. ಇವರಿಬ್ಬರೂ ಒಬ್ಬರನ್ನೊಬ್ಬರು ಅನುಸರಿಸಿದರೆಂದು ನಾನು ಹೇಳುತ್ತಿಲ್ಲ. ಆದರೂ ಒಂದೇ ದಶಕದಲ್ಲಿ ಇಬ್ಬರು ಕವಿಗಳು ರಾಜಧಾನಿಗೆ ಬೆನ್ನು ಮಾಡಿ ಹಳ್ಳಿಯ ಕಡೆ ಕ್ಯಾಮೆರಾ ತಿರುಗಿಸಿದ್ದು ನನಗೆ ಕುತೂಹಲದ ಸಂಗತಿ.

ಮುಂದೆ ಕಂಬಾರರ ಬರಹವನ್ನು ಬೇರೆಯವರು ತೆರೆಗೆ ತಂದರು. ಕೆ.ಎಸ್.ಎಲ್. ಸ್ವಾಮಿಯವರ 'ಹರಕೆಯ ಕುರಿ' 1992ರದು, ಟಿ.ಎಸ್. ನಾಗಾಭರಣರ 'ಸಿಂಗಾರೆವ್ವ' 2002ರದು. ಎರಡಕ್ಕೂ ಆಯಾ ವರ್ಷದ ಅತ್ಯುತ್ತಮ ಕನ್ನಡ ಚಿತ್ರವೆಂಬ ರಾಷ್ಟ್ರೀಯ ಪ್ರಶಸ್ತಿ ಬಂತು. ಕುಶಲತೆಯಲ್ಲಿ ಇವು ಕಂಬಾರರೇ ಮಾಡಿದ ಚಿತ್ರಗಳಿಗಿಂತ ನಯವಾಗಿವೆ ಎಂದು ಒಪ್ಪಬೇಕು. ನನ್ನ ಕಿವಿ ಮಾತ್ರ 'ಕಾಡು ಕುದುರೆ'ಯ ಕಡೆಗೇ ಹೋಗುತ್ತದೆ.

ಆ ಚಿತ್ರ ನೋಡುವ ಅವಕಾಶ ನಿಮಗೆ ಸಿಕ್ಕರೆ, ಮೊದಲ ಐದು ನಿಮಿಷ ಕಣ್ಣು ಮುಚ್ಚಿಕೊಂಡು ಬರೇ ಕೇಳಿ. ಆಮೇಲೆ ಅಷ್ಟನ್ನೇ ಮತ್ತೆ ಹಾಕಿ, ಕಣ್ಣು ತೆರೆದು ನೋಡಿ.