ಜೋಕಾಲಿಯಿಂದ ಇಳಿದು ಸೂತ್ರ ಹಿಡಿದ ಕಲಾವಿದೆ
(ಸಂಘದ ರಾಜ್ಯೋತ್ಸವ ಉಪನ್ಯಾಸಮಾಲೆಯಲ್ಲಿ ಮಾಡಿದ ಭಾಷಣ)



ರಾಜ್ಯೋತ್ಸವದ ಉಪನ್ಯಾಸಮಾಲೆಯಲ್ಲಿ ಸರ್ಕಸ್ಸಿನ ಮಾತೇಕೆ ಎಂದು ತಮ್ಮಲ್ಲಿ ಕೆಲವರಿಗೆ ಅನ್ನಿಸಿರಬಹುದು. ಪಂಪನನ್ನು ಕುರಿತು, ವಚನಕಾರರನ್ನು ಕುರಿತು ಅಧಿಕಾರವಾಣಿಯಿಂದ ಮಾತನಾಡಬಲ್ಲ ವಿದ್ವಾಂಸರು ಈ ವೇದಿಕೆಗೆ ಬಂದು ಹೋಗಿದ್ದಾರೆ. ನಾವಾದರೋ ಬ್ಯಾಂಕಿನಲ್ಲಿ ಕುಳಿತು ಜಮಾಖರ್ಚು ತಾಳೆ ನೋಡುವವರು. ಆ ವಿದ್ವತ್ತು ನಮಗಿಲ್ಲ. ಆದರೆ ಹುಟ್ಟಿದೂರು ಬಿಟ್ಟು, ಬೇರೆ ಭಾಷೆಯ ಊರಿನಲ್ಲಿ ನೆಲೆ ನಿಂತು, ಅಲ್ಲಿ ಆರು ಮಂದಿ ಸಂಗಡಿಗರೊಡನೆ ಒಂದು ಮಂಡಳಿಯನ್ನು ಕಟ್ಟಿ ಬೆಳೆಸಿದ ಒಬ್ಬ ಹೆಣ್ಣುಮಗಳ ಕಥೆ ಇದು. ಇಂಥ ಕಥೆ ಮುಂಬಯಿಯ ಕನ್ನಡಿಗರಾದ ನಮಗೆ ಅಷ್ಟೇನೂ ಹೊರಗಿನದಲ್ಲವೆಂದು ನಮ್ಮ ನಂಬಿಕೆ. ಆಕೆಯ ಹೆಸರು ಶಾನಾ ಕ್ಯಾರಲ್.

ಮೊದಲು ಸರ್ಕಸ್ಸಿನ ಹಿನ್ನೆಲೆಯನ್ನು ಎರಡು ಮಾತಿನಲ್ಲಿ ಹೇಳಿಬಿಡುತ್ತೇವೆ. 1768ರಲ್ಲಿ ಲಂಡನ್ನಿನಲ್ಲಿ ಫಿಲಿಪ್ ಆಸ್ಟ್ಲಿ ಎಂಬ ಕುದುರೆ ಸವಾರನು ಆಧುನಿಕ ಸರ್ಕಸ್ಸಿಗೆ ನಾಂದಿ ಹಾಡಿದನು. ಸರ್ಕಸ್ಸಿನ ಬಯಲು ಇಂದಿಗೂ ಸುಮಾರು 42 ಅಡಿ ಅಗಲದ ವೃತ್ತವಾಗಿರುವುದು ಕುದುರೆಯ ಓಟಕ್ಕೆ ಹೊಂದುವ ಅಳತೆಯಿಂದ. 1859ರಲ್ಲಿ ಪ್ಯಾರಿಸ್ಸಿನಲ್ಲಿ ಜೂಲ್ ಲೆಯೋತಾರ್ ಎಂಬ ತರುಣನು ಒಂದು ಜೋಕಾಲಿಯಿಂದ ಇನ್ನೊಂದಕ್ಕೆ ಹಾರಿ ತೋರಿಸಿದನು. ಟ್ರಪೀಜ್ ಎಂಬ ಆಟ ಅಲ್ಲಿಂದ ಲೋಕಪ್ರಸಿದ್ಧವಾಯಿತು. ನಮ್ಮ ದೇಶದ ಮೊದಲ ಸರ್ಕಸ್ಸನ್ನು ವಿಷ್ಣುಪಂತ ಛತ್ರೆಯವರು 1880ರಲ್ಲಿ ಆಡಿ ತೋರಿಸಿದರೆಂಬುದು ನಾವು ಹೆಮ್ಮೆಪಡಬೇಕಾದ ಸಂಗತಿ. ಡೇರೆ, ಬ್ಯಾಂಡು, ಜೋಕರು, ಹುಲಿ, ಸಿಂಹ - ನಮ್ಮ ಹಿರಿಯರು ಕಂಡ ಸರ್ಕಸ್ಸು ಇದು. 1998ರ ಸರಕಾರಿ ಅಧಿಸೂಚನೆ ಹುಲಿ, ಸಿಂಹ, ಚಿರತೆ, ಕರಡಿ, ಕೋತಿಗಳನ್ನು ಆಡಿಸುವುದನ್ನು ತಡೆಯಿತು. 2001ರಲ್ಲಿ ಸುಪ್ರೀಂ ಕೋರ್ಟು ಅದನ್ನು ಎತ್ತಿಹಿಡಿಯಿತು. ಪ್ರಾಣಿಗಳು ಹೋದ ಮೇಲೆ ಸರ್ಕಸ್ಸಿನಲ್ಲಿ ಉಳಿಯುವುದೇನು ಎಂದು ಎಲ್ಲರೂ ಕೇಳಿದರು. ಉಳಿಯುವವನು ಮನುಷ್ಯ. ಆ ಮನುಷ್ಯನನ್ನೇ ನಡುವೆ ನಿಲ್ಲಿಸಿ ಹೊಸ ಸರ್ಕಸ್ಸನ್ನು ಕಟ್ಟಿದವರಲ್ಲಿ ಶಾನಾ ಕ್ಯಾರಲ್ ಅವರು ಮುಖ್ಯರು.

ಇವರು ಅಮೆರಿಕದ ಪಶ್ಚಿಮ ಕರಾವಳಿಯ ಬರ್ಕ್ಲಿ ಊರಿನವರು. ತಂದೆ ಜಾನ್ ಕ್ಯಾರಲ್, ಸ್ಯಾನ್ ಫ್ರಾನ್ಸಿಸ್ಕೋ ಕ್ರಾನಿಕಲ್ ಪತ್ರಿಕೆಗೆ ದಶಕಗಳ ಕಾಲ ಅಂಕಣ ಬರೆದವರು. ಸರ್ಕಸ್ ಮನೆತನದಲ್ಲಿ ಹುಟ್ಟಿ ತೊಟ್ಟಿಲಿನಿಂದಲೇ ತಂತಿಯ ಮೇಲೆ ನಡೆಯಲು ಕಲಿತ ಮಗು ಇವರಲ್ಲ. ಹದಿಹರೆಯದ ಕೊನೆಯಲ್ಲಿ ಟ್ರಪೀಜಿಗೆ ಮನಸೋತು, ಪಿಕಲ್ ಫ್ಯಾಮಿಲಿ ಸರ್ಕಸ್ ಎಂಬ ಮಂಡಳಿಯನ್ನು ಸೇರಿದರು. ಹೆಸರು ಕೇಳಿದರೆ ಉಪ್ಪಿನಕಾಯಿಯ ಕುಟುಂಬವೋ ಎಂಬಂತಿದೆ. ಕೆಲಸ ಮಾತ್ರ ಗಂಭೀರವಾದದ್ದು. 1970ರ ದಶಕದಲ್ಲಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಹುಟ್ಟಿದ ಈ ಮಂಡಳಿಯಲ್ಲಿ ಪ್ರಾಣಿಗಳಿರಲಿಲ್ಲ, ಆಡಂಬರವಿರಲಿಲ್ಲ. ಉದ್ಯಾನಗಳಲ್ಲಿ ಬಯಲು ಮಾಡಿಕೊಂಡು, ಊರೂರಿನ ಸೇವಾಸಂಸ್ಥೆಗಳ ಸಹಾಯಾರ್ಥವಾಗಿ ಆಡುತ್ತಿದ್ದರು. ಸಹಾಯಾರ್ಥ ಪ್ರದರ್ಶನವೆಂದರೇನೆಂಬುದನ್ನು ಕಟ್ಟಡ ನಿಧಿಗಾಗಿ ನಾಟಕದ ಟಿಕೇಟು ಹಿಡಿದು ಮನೆಮನೆ ತಿರುಗಿದ ನಮ್ಮ ಕಾರ್ಯಕರ್ತರಿಗೆ ಬಿಡಿಸಿ ಹೇಳಬೇಕಾಗಿಲ್ಲ!

ಅಲ್ಲಿಂದ ಕ್ಯಾರಲ್ ಅವರು ಹೆಚ್ಚಿನ ವಿದ್ಯೆಗಾಗಿ ಕೆನಡಾ ದೇಶದ ಮಾಂಟ್ರಿಯಲ್ ನಗರಕ್ಕೆ ಹೋದರು. ಅದು ಕ್ವಿಬೆಕ್ ಪ್ರಾಂತದ ದೊಡ್ಡ ಪಟ್ಟಣ. ಇಂಗ್ಲಿಷಿನ ಕಡಲಿನ ನಡುವೆ ಫ್ರೆಂಚ್ ಭಾಷೆಯನ್ನು ಜೋಪಾನವಾಗಿ ಕಾಪಾಡಿಕೊಂಡು ಬಂದ ಪ್ರಾಂತ. ಅಲ್ಲಿ 1981ರಲ್ಲಿ ಸರ್ಕಸ್ಸಿಗಾಗಿಯೇ ಒಂದು ಶಾಲೆ ಆರಂಭವಾಯಿತು. 1984ರಲ್ಲಿ ಅದೇ ಪ್ರಾಂತದಲ್ಲಿ, ಮರಗಾಲು ಕಟ್ಟಿ ಬೀದಿಯಲ್ಲಿ ನಡೆಯುವವರೂ ಬಾಯಿಂದ ಬೆಂಕಿಯುಗುಳುವವರೂ ಕೂಡಿ ಕಟ್ಟಿದ ಸರ್ಕ್ ದ್ಯು ಸೊಲೇಲ್ ಎಂಬ ಮಂಡಳಿ ಮುಂದೆ ಜಗತ್ತಿನಲ್ಲೇ ದೊಡ್ಡದಾಯಿತು. ಆ ಮಂಡಳಿಯು 1992ರಲ್ಲಿ ರಂಗಕ್ಕೆ ತಂದ ‘ಸಾಲ್ಟಿಂಬಾಂಕೋ’ ಎಂಬ ಪ್ರಯೋಗದಲ್ಲಿ ಕ್ಯಾರಲ್ ಅವರು ಒಂಟಿ ಟ್ರಪೀಜಿನ ಕಲಾವಿದೆಯಾಗಿ ದೇಶದೇಶಗಳಲ್ಲಿ ಆಡಿದರು.

ಒಂಟಿ ಟ್ರಪೀಜು ಎಂದರೇನು? ಎರಡು ಹಗ್ಗ, ನಡುವೆ ಒಂದು ಅಡ್ಡಪಟ್ಟಿ. ನಾಗರಪಂಚಮಿಯ ಜೋಕಾಲಿಯೇ ಸರಿ. ಆದರೆ ಜೋಕಾಲಿ ಜೀಕುವವರು ಬಲ್ಲ ಒಂದು ಗುಟ್ಟುಂಟು. ಜೀಕು ತನ್ನ ತುತ್ತತುದಿಯನ್ನು ಮುಟ್ಟಿದಾಗ, ಮುಂದೆ ಹೋಗುವುದು ನಿಂತು ಹಿಂದೆ ಬರುವುದು ತೊಡಗುವ ಮುನ್ನ, ಒಂದು ಕಣ್ಣೆವೆಯಷ್ಟು ಹೊತ್ತು ಮೈಗೆ ಭಾರವೇ ಇಲ್ಲದಂತಾಗುತ್ತದೆ. ಟ್ರಪೀಜಿನ ಸೊಬಗೆಲ್ಲ ಆ ಕ್ಷಣದಲ್ಲಿದೆ. ಕಲಾವಿದೆ ಆಗಲೇ ಪಟ್ಟಿಯನ್ನು ಬಿಡುತ್ತಾಳೆ, ಗಾಳಿಯಲ್ಲಿ ತಿರುಗುತ್ತಾಳೆ, ಪಟ್ಟಿ ಹಿಂದಕ್ಕೆ ಹೊರಡುವಷ್ಟರಲ್ಲಿ ಕೈಯಿಂದಲೋ ಕಾಲಿನಿಂದಲೋ ಮತ್ತೆ ಹಿಡಿಯುತ್ತಾಳೆ. ಅರೆಕ್ಷಣ ಮುಂಚೆಯಾದರೂ ಕೆಟ್ಟಿತು, ತಡವಾದರೂ ಕೆಟ್ಟಿತು. ಇಂಥ ಆಟದಲ್ಲಿ ಸೊಂಟಕ್ಕೆ ಒಂದು ಹಗ್ಗ ಕಟ್ಟಿ, ಅದರ ಇನ್ನೊಂದು ತುದಿಯನ್ನು ಕೆಳಗೆ ಒಬ್ಬರು ಹಿಡಿದಿರುವುದುಂಟು. ಅವರು ಹಗ್ಗವನ್ನು ಬಿಗಿ ಮಾಡಿದರೆ ಆಟ ಕೆಡುತ್ತದೆ. ಸಡಿಲ ಬಿಟ್ಟರೆ ಜೀವಕ್ಕೇ ಕೇಡು. ಮೇಲಿರುವವಳ ಉಸಿರಿನೊಡನೆ ತಮ್ಮ ಉಸಿರನ್ನು ಹೊಂದಿಸಿಕೊಂಡು ನಿಲ್ಲಬೇಕು. ಚಪ್ಪಾಳೆ ಮೇಲಿನವಳಿಗೆ; ಕೆಳಗಿನವರ ಮುಖವನ್ನು ಯಾರೂ ನೋಡುವುದಿಲ್ಲ. ಈ ಮಾತನ್ನು ತಾವು ಮನಸ್ಸಿನಲ್ಲಿಟ್ಟುಕೊಳ್ಳಬೇಕೆಂದು ಅರಿಕೆ.

ಸರ್ಕಸ್ಸಿನವರ ಬಾಳಿನಲ್ಲಿ ಒಂದು ಕಠಿಣ ಲೆಕ್ಕವಿದೆ. ಸಂಗೀತಗಾರನಿಗೆ ಅರವತ್ತರಲ್ಲಿ ಕಂಠ ಪಕ್ವವಾದೀತು, ಕವಿಗೆ ಎಪ್ಪತ್ತರಲ್ಲಿ ಒಳ್ಳೆಯ ಕವಿತೆ ಬಂದೀತು. ಗಾಳಿಯಲ್ಲಿ ಹಾರುವವರಿಗೆ ಮೂವತ್ತು ದಾಟುತ್ತಲೇ ಭುಜ, ಮಣಿಕಟ್ಟು, ಬೆನ್ನು ತಮ್ಮ ತಗಾದೆಯನ್ನು ಹೂಡುತ್ತವೆ. ನಮ್ಮ ನೌಕರಿಯಲ್ಲಿ ನಿವೃತ್ತಿಯ ತಾರೀಖು ಮೊದಲೇ ಗೊತ್ತು. ಅವರಿಗೆ ಅದನ್ನು ಮೈಯೇ ಹೇಳುತ್ತದೆ, ಅದೂ ಮುನ್ಸೂಚನೆಯಿಲ್ಲದೆ. ಆಮೇಲೆ ಏನು? ಕಲಿತ ವಿದ್ಯೆಯನ್ನು ಮೂಲೆಗೆ ಸೇರಿಸಿ ಬೇರೆ ಬದುಕು ಹುಡುಕಬೇಕೇ? ಕ್ಯಾರಲ್ ಅವರ ಜೀವನದ ಉತ್ತರಾರ್ಧವು ಈ ಪ್ರಶ್ನೆಗೆ ಕೊಟ್ಟ ಉತ್ತರದಂತಿದೆ.

2002ರಲ್ಲಿ ಏಳು ಮಂದಿ ಕಲಾವಿದರು ಮಾಂಟ್ರಿಯಲ್ಲಿನಲ್ಲಿ ಸ್ವಂತ ಮಂಡಳಿಯನ್ನು ಕಟ್ಟಿದರು. ಶಾನಾ ಕ್ಯಾರಲ್, ಇಸಬೆಲ್ ಶಾಸೆ, ಪ್ಯಾಟ್ರಿಕ್ ಲೆಯೊನಾರ್, ಫಾನ್ ಶೇನ್, ಜಿಪ್ಸಿ ಸ್ನೈಡರ್, ಸೆಬಾಸ್ಟಿಯನ್ ಸೋಲ್ಡೆವಿಲಾ, ಸ್ಯಾಮ್ಯುಯೆಲ್ ಟೆಟ್ರೊ. ಇವರಲ್ಲಿ ಅಮೆರಿಕದಿಂದ ಬಂದವರಿದ್ದರು, ಫ್ರಾನ್ಸಿನಿಂದ ಬಂದವರಿದ್ದರು, ಕ್ವಿಬೆಕ್ಕಿನವರೂ ಇದ್ದರು. ಸ್ನೈಡರ್ ಅವರಂತೂ ಪಿಕಲ್ ಸರ್ಕಸ್ಸನ್ನು ಸ್ಥಾಪಿಸಿದವರ ಮನೆಯಲ್ಲೇ ಬೆಳೆದವರು. ಮಂಡಳಿಗೆ ಇಟ್ಟ ಹೆಸರು ‘ಕೈಯ ಏಳು ಬೆರಳು’. ಫ್ರೆಂಚರಲ್ಲಿ, ತುಂಬ ಒಗ್ಗಟ್ಟಾಗಿರುವವರನ್ನು ಕೈಯ ಐದು ಬೆರಳಿನಂತಿದ್ದಾರೆ ಎನ್ನುವ ವಾಡಿಕೆಯಿದೆ. ನಾವು ಐದು ಬೆರಳೂ ಸಮನಾಗಿರುವುದಿಲ್ಲ ಎಂದು ನಿಟ್ಟುಸಿರು ಬಿಡುತ್ತೇವೆ. ಅವರು ಅದೇ ಬೆರಳುಗಳಲ್ಲಿ ಒಗ್ಗಟ್ಟನ್ನು ಕಾಣುತ್ತಾರೆ. ಎರಡೂ ನಿಜವೇ. ಸಮನಲ್ಲದ ಬೆರಳುಗಳು ಕೂಡಿದರೆ ತಾನೆ ಏನನ್ನಾದರೂ ಹಿಡಿಯಲು ಸಾಧ್ಯ?

ದೊಡ್ಡ ಮಂಡಳಿಯ ವೈಭವದಲ್ಲಿ ಕಲಾವಿದನ ಮುಖ ಬಣ್ಣದ ಹಿಂದೆ ಅಡಗಿಹೋಗುತ್ತದೆ. ಒಬ್ಬನು ಹೋದರೆ ಅದೇ ವೇಷದಲ್ಲಿ ಇನ್ನೊಬ್ಬನು ಬರುತ್ತಾನೆ. ನೋಡುವವರಿಗೆ ವ್ಯತ್ಯಾಸ ತಿಳಿಯದು. ಈ ಏಳು ಮಂದಿ ಮನುಷ್ಯನ ಅಳತೆಯ ಸರ್ಕಸ್ಸು ಬೇಕೆಂದರು. ಮೊದಲ ಪ್ರಯೋಗ ‘ಲಾಫ್ಟ್’ನಲ್ಲಿ ಡೇರೆಯ ಬದಲು ಒಂದು ವಾಸದ ಮನೆಯನ್ನು ರಂಗದ ಮೇಲೆ ತಂದು, ತಾವು ತಾವಾಗಿಯೇ ಕಾಣಿಸಿಕೊಂಡರು. ಮುಂದೆ ಕ್ಯಾರಲ್ ಅವರು ರಂಗದಿಂದ ಕೆಳಗಿಳಿದು ಕತ್ತಲೆಯಲ್ಲಿ ಕುಳಿತು ನೋಡುವ ಕೆಲಸವನ್ನು, ಎಂದರೆ ನಿರ್ದೇಶನವನ್ನು, ಹೆಚ್ಚುಹೆಚ್ಚಾಗಿ ವಹಿಸಿಕೊಂಡರು. 2006ರಲ್ಲಿ ಅವರೂ ಸ್ನೈಡರ್ ಅವರೂ ಕೂಡಿ ನಿರ್ದೇಶಿಸಿದ ‘ಟ್ರೇಸಸ್’ ಎಂಬುದು ಮಂಡಳಿಯ ಹೆಸರನ್ನು ಲೋಕಕ್ಕೆಲ್ಲ ತಿಳಿಸಿತು. ಐದು ಮಂದಿ ತರುಣರು ದಿನನಿತ್ಯದ ಉಡುಪಿನಲ್ಲಿ ಬಂದು, ತಮ್ಮ ಹೆಸರೇನು, ಹುಟ್ಟಿದ್ದು ಯಾವಾಗ, ತಾವು ಎಂಥವರು ಎಂದು ಹೇಳಿಕೊಳ್ಳುತ್ತಾರೆ. ಆಮೇಲೆ ಕಂಬ ಹತ್ತುತ್ತಾರೆ, ಬಳೆಗಳ ನಡುವೆ ನುಸುಳಿ ಹಾರುತ್ತಾರೆ.

ಸರ್ಕಸ್ಸಿಗೆ ಮಾತೇಕೆ, ಕಸರತ್ತು ಸಾಲದೇ ಎಂದು ಆಕ್ಷೇಪಿಸುವವರು ಇದ್ದಾರೆ. ಆ ಆಕ್ಷೇಪದಲ್ಲಿ ತಿರುಳಿಲ್ಲದೆ ಇಲ್ಲ. ಮಾತು ಮಿತಿಮೀರಿದರೆ ಆಟ ಸೊರಗುತ್ತದೆ. ಆದರೂ ನಮಗನ್ನಿಸುವುದು ಹೀಗೆ: ಹೆಸರಿಲ್ಲದವನು ಮೇಲಿನಿಂದ ಜಾರಿದರೆ ನಾವು ಅಬ್ಬಾ ಎನ್ನುತ್ತೇವೆ; ಹೆಸರು ಬಲ್ಲವನು ಜಾರಿದರೆ ನಮ್ಮ ಎದೆಯೇ ಜಾರುತ್ತದೆ. ಅಪಾಯವೊಂದೇ, ನೋಡುವ ಕಣ್ಣು ಬೇರೆ.

2014ರಲ್ಲಿ ಕ್ಯಾರಲ್ ಅವರೂ ಸೋಲ್ಡೆವಿಲಾ ಅವರೂ ನಿರ್ದೇಶಿಸಿದ ‘ಕ್ಯುಸೀನ್ ಅಂಡ್ ಕನ್ಫೆಷನ್ಸ್’ ಇನ್ನೂ ಒಂದು ಹೆಜ್ಜೆ ಮುಂದೆ ಹೋಯಿತು. ಇಲ್ಲಿ ರಂಗದ ಮೇಲೆ ನಿಜವಾದ ಅಡಿಗೆಮನೆ, ನಿಜವಾದ ಒಲೆ. ಬೇರೆಬೇರೆ ನಾಡಿನ ಕಲಾವಿದರು ಹಿಟ್ಟು ಕಲಸುತ್ತ, ತಮ್ಮ ತಮ್ಮ ಮನೆಯ ಅಡಿಗೆಯ ನೆನಪು ಹೇಳುತ್ತ ಆಡುತ್ತಾರೆ. ಬಾಳೆಹಣ್ಣಿನ ಬ್ರೆಡ್ಡು ಬೇಯುವ ವಾಸನೆ ಸಭಾಂಗಣವನ್ನೆಲ್ಲ ತುಂಬುತ್ತದೆ. ಆಟ ಮುಗಿದ ಮೇಲೆ ಪ್ರೇಕ್ಷಕರಿಗೂ ಅದರ ಪಾಲು ಸಿಕ್ಕುತ್ತದೆ. ಅದರಲ್ಲಿ ಅರ್ಜೆಂಟೀನಾದ ಕಲಾವಿದನೊಬ್ಬ ತನ್ನ ತಂದೆಯ ಕಥೆ ಹೇಳುತ್ತಾನೆ. 1976ರಿಂದ 1983ರವರೆಗೆ ಆ ದೇಶವನ್ನಾಳಿದ ಸೈನಿಕ ಸರಕಾರವು ಹಿಡಿದೊಯ್ದು ಕಾಣದಂತೆ ಮಾಡಿದವರಲ್ಲಿ ಆ ತಂದೆಯೂ ಒಬ್ಬ. ತಂದೆಯ ಕೊನೆಯ ಊಟ ಏನಿದ್ದಿರಬಹುದೆಂದು ಮಗ ಊಹಿಸುತ್ತಾನೆ, ಕಂಬ ಹತ್ತುತ್ತಾನೆ, ತಲೆಕೆಳಗಾಗಿ ನೆಲದತ್ತ ಜಾರಿ, ನೆಲ ತಗಲುವಷ್ಟರಲ್ಲಿ ನಿಲ್ಲುತ್ತಾನೆ. ಕಸರತ್ತು ಹಳೆಯದೇ. ಆದರೆ ಅದೀಗ ಒಬ್ಬ ಮಗನ ದುಃಖದ ಭಾಷೆಯಾಯಿತು. ಆ ಭಾಷೆಯನ್ನು ಆತನಲ್ಲಿ ಕಂಡು ಹೊರಗೆ ಬರುವಂತೆ ಮಾಡುವುದೇ ನಿರ್ದೇಶಕಿಯ ಕೆಲಸ.

2018ರ ‘ಪ್ಯಾಸೆಂಜರ್ಸ್’ ಎಂಬುದನ್ನು ಕ್ಯಾರಲ್ ಅವರು ಒಬ್ಬರೇ ರಚಿಸಿ ನಿರ್ದೇಶಿಸಿದರು. ವಸ್ತು ರೈಲುಪ್ರಯಾಣ. ಒಂದು ಡಬ್ಬಿಯಲ್ಲಿ ಕೂಡಿ ಕುಳಿತ ಅಪರಿಚಿತರು, ಬಿಟ್ಟು ಬಂದ ಊರು, ಇನ್ನೂ ಕಾಣದ ಊರು. ಉದ್ಯಾನ್ ಎಕ್ಸ್‌ಪ್ರೆಸ್ಸಿನಲ್ಲಿ ಟ್ರಂಕಿನ ಮೇಲೆ ಕುಳಿತು ಈ ಊರಿಗೆ ಬಂದವರಿಗೆ ಇದರ ವ್ಯಾಖ್ಯಾನ ಬೇಕಿಲ್ಲ.

ದೊಡ್ಡ ರಂಗಗಳೂ ಅವರನ್ನು ಕರೆದವು. ನ್ಯೂಯಾರ್ಕಿನ ಬ್ರಾಡ್‌ವೇಯಲ್ಲಿ 2016ರ ‘ಪ್ಯಾರಮೂರ್’ ನಾಟಕದ ಕಸರತ್ತಿನ ಭಾಗಗಳನ್ನು ರೂಪಿಸುವುದರಲ್ಲಿ ಕೈಗೂಡಿಸಿದರು. 2017ರಲ್ಲಿ ಹಳೆಯ ಮಂಡಳಿಯಾದ ಸರ್ಕ್ ದ್ಯು ಸೊಲೇಲ್ ಮೊತ್ತಮೊದಲು ಮಂಜುಗಡ್ಡೆಯ ಮೇಲೆ ಆಡಿದ ‘ಕ್ರಿಸ್ಟಲ್’ ಪ್ರಯೋಗವನ್ನು ಸೋಲ್ಡೆವಿಲಾ ಅವರೊಡನೆ ನಿರ್ದೇಶಿಸಿದರು. ಒಂದು ಕಾಲಕ್ಕೆ ತಾನು ಜೋಕಾಲಿಯಾಡಿದ ಮನೆಗೇ ಸೂತ್ರಧಾರಿಣಿಯಾಗಿ ಹಿಂದಿರುಗಿದರು! 2024ರಲ್ಲಿ ಬ್ರಾಡ್‌ವೇಯ ‘ವಾಟರ್ ಫಾರ್ ಎಲಿಫೆಂಟ್ಸ್’ ಸಂಗೀತನಾಟಕಕ್ಕೆ ಸರ್ಕಸ್ ವಿನ್ಯಾಸ ಮಾಡಿ, ಜೆಸ್ಸಿ ರಾಬ್ ಅವರೊಡನೆ ನೃತ್ಯಸಂಯೋಜನೆ ಮಾಡಿದರು. ಆ ಸಂಯೋಜನೆಗೆ ಇಬ್ಬರ ಹೆಸರೂ ಆ ವರ್ಷದ ಟೋನಿ ಪ್ರಶಸ್ತಿಯ ಪಟ್ಟಿಯಲ್ಲಿ ಬಂದಿತು. ಪ್ರಶಸ್ತಿ ಬೇರೊಬ್ಬರಿಗೆ ಸಂದಿತು. ಹಳೆಯ ಕಾಲದ ಸರ್ಕಸ್ಸಿನ ಕಥೆಯಾದ ಆ ನಾಟಕದಲ್ಲಿ ಆನೆಯೊಂದು ಮುಖ್ಯ ಪಾತ್ರ. ಅದು ರಂಗಕ್ಕೆ ಬಂದದ್ದು ಬೊಂಬೆಯಾಗಿ, ಮನುಷ್ಯರ ಕೈಚಳಕದಿಂದ.

ನಮ್ಮ ನಾಡಿಗೂ ಈ ಬಗೆಯ ಬಾಳು ಹೊಸದಲ್ಲ. ಗುಬ್ಬಿ ವೀರಣ್ಣನವರು ಬಾಲನಟರಾಗಿ ಕಂಪೆನಿ ಸೇರಿ, ಮುಂದೆ ಅದರ ಒಡೆಯರಾಗಿ ನೂರಾರು ಕಲಾವಿದರನ್ನು ಬೆಳೆಸಿದರು. ಯಕ್ಷಗಾನದಲ್ಲಿ ಭಾಗವತರನ್ನೇ ಮೊದಲ ವೇಷವೆಂದು ಕರೆಯುವ ರೂಢಿಯಿದೆ. ಅವರು ಬಣ್ಣ ಹಚ್ಚುವುದಿಲ್ಲ, ಕುಣಿಯುವುದಿಲ್ಲ, ಆದರೆ ಎಲ್ಲ ವೇಷಗಳೂ ಅವರ ಜಾಗಟೆಯ ತಾಳದ ಮೇಲೆ ನಿಂತಿರುತ್ತವೆ.

ಈಗ ನಮ್ಮ ಮನೆಯ ಮಾತು. ಈ ಸಂಘದ ರಂಗದ ಮೇಲೆ ಇಪ್ಪತ್ತು-ಮೂವತ್ತು ವರ್ಷ ನಾಯಕನ ಪಾತ್ರ ಮಾಡಿದವರು ನಮ್ಮಲ್ಲಿದ್ದಾರೆ. ಅವರ ಸೇವೆಗೆ ನಾವು ಋಣಿಗಳು. ಆದರೆ ಪರದೆಯ ಮುಂದೆ ನಿಲ್ಲುವುದೊಂದೇ ಸೇವೆಯಲ್ಲ. ಇತ್ತ ನಮ್ಮ ಮಕ್ಕಳನ್ನು ನೋಡಿ. ರಾಜ್ಯೋತ್ಸವ ಬಂತೆಂದರೆ ಅವರಿಗೆ ಕಿರೀಟ ಕಟ್ಟಿ, ದೇವನಾಗರಿಯಲ್ಲೋ ರೋಮನ್ ಲಿಪಿಯಲ್ಲೋ ಬರೆದುಕೊಟ್ಟ ಮಾತನ್ನು ಉರು ಹೊಡೆಸಿ, ಒಪ್ಪಿಸಿದ ಮೇಲೆ ಚಪ್ಪಾಳೆ ತಟ್ಟಿ ಮನೆಗೆ ಕಳಿಸುತ್ತೇವೆ. ಮರುದಿನ ಆ ಮಾತು ಮರೆತುಹೋಗಿರುತ್ತದೆ. ಅದು ಅವರ ಮಾತಾಗಿದ್ದರೆ ತಾನೆ ನೆನಪಿನಲ್ಲಿ ಉಳಿಯುವುದು?

ಬರುವ ವರ್ಷ ಅರ್ಧ ಗಂಟೆಯನ್ನಾದರೂ ಮಕ್ಕಳಿಗೆ ಹೀಗೆ ಕೊಟ್ಟು ನೋಡೋಣ. ತನ್ನ ಹೆಸರಿನಿಂದಲೇ ರಂಗಕ್ಕೆ ಬರಲಿ. ಡೊಂಬಿವಲಿಯಲ್ಲಿ ಹುಟ್ಟಿದ್ದು, ಅಜ್ಜಿ ಗದುಗಿನಲ್ಲಿರುವುದು, ಮನೆಯಲ್ಲಿ ಅಮ್ಮ ರೊಟ್ಟಿ ಬಡಿಯುವುದು, ಶಾಲೆಯಲ್ಲಿ ಮರಾಠಿ ಆಡುವುದು, ಇದನ್ನೆಲ್ಲ ತನಗೆ ಬಂದಷ್ಟು ಕನ್ನಡದಲ್ಲಿ ತಾನೇ ಹೇಳಲಿ. ತಪ್ಪಿದರೆ ನಗಬಾರದು. ಹಗ್ಗ ಹಿಡಿದವರು ಮೇಲಿರುವವರ ತಪ್ಪಿಗೆ ನಗುವುದಿಲ್ಲ. ನಮ್ಮ ಹಿರಿಯ ನಟರು ಆ ಹಗ್ಗವನ್ನು ಹಿಡಿದು ಕೆಳಗೆ ನಿಲ್ಲಲಿ: ಬಿಗಿ ಮಾಡದೆ, ಸಡಿಲವನ್ನೂ ಬಿಡದೆ, ಮಗುವಿನ ಉಸಿರನ್ನು ಗಮನಿಸುತ್ತ. ಆ ಮಗುವಿನ ಬಾಯಿಂದ ಹೊರಡುವ ಒಂದು ಸ್ವಂತ ವಾಕ್ಯವು ಉರು ಹೊಡೆದ ನೂರು ವಾಕ್ಯಗಳಿಗಿಂತ ಹೆಚ್ಚು ಕಾಲ ಈ ಊರಿನಲ್ಲಿ ಕನ್ನಡವನ್ನು ಉಳಿಸೀತು.

 ಈ ಸಲಹೆಯನ್ನು ಬರುವ ಕಾರ್ಯಕಾರಿ ಸಮಿತಿಯ ಸಭೆಯಲ್ಲಿ ಚರ್ಚೆಗೆ ತೆಗೆದುಕೊಳ್ಳಬೇಕೆಂದು ಅಧ್ಯಕ್ಷರಲ್ಲಿ ವಿನಂತಿಸಿ, ನಮ್ಮ ಮಾತನ್ನು ಮುಗಿಸುತ್ತೇವೆ.