ಬೀಜದಂತೆ ಚಿತ್ರವನ್ನೂ ಕಾಯೋಣ

(ಹುಬ್ಬಳ್ಳಿಯಲ್ಲಿ ಪರಿಸರಾಸಕ್ತರ ಸಭೆಯೊಂದರಲ್ಲಿ ಮಾಡಿದ ಭಾಷಣದ ಸಂಗ್ರಹ)



ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನ’ 1934ರಲ್ಲಿ ತೆರೆಕಂಡಿತು. ಅದರ ಒಂದು ಪ್ರತಿಯೂ ಇಂದು ಉಳಿದಿಲ್ಲ. 1977ರ ‘ಘಟಶ್ರಾದ್ಧ’ದ ಮೂಲ ನೆಗೆಟಿವ್ ಪುಣೆಯ ರಾಷ್ಟ್ರೀಯ ಸಂಗ್ರಹಾಲಯದಲ್ಲಿ ಉಳಿದಿತ್ತು. ಹಾಗಾಗಿ ಆ ಚಿತ್ರ ಜೀರ್ಣೋದ್ಧಾರಗೊಂಡು 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಮತ್ತೆ ಪ್ರದರ್ಶಿತವಾಯಿತು.

ಈ ಮಾತು ಸಿನಿಮಾಗಳಿಗಷ್ಟೇ ಸೀಮಿತವಲ್ಲ. 1987ರ ನವೆಂಬರ್ 14ರಂದು, ಆಗ ಧಾರವಾಡ ಜಿಲ್ಲೆಗೇ ಸೇರಿದ್ದ ಕುಸನೂರಿನಲ್ಲಿ ‘ಕಿತ್ತಿಕೋ-ಹಚ್ಚಿಕೋ’ ಸತ್ಯಾಗ್ರಹ ನಡೆಯಿತು. ಜನರು ನೀಲಗಿರಿ ಸಸಿಗಳನ್ನು ಕಿತ್ತು, ಊರಿಗೆ ಬೇಕಾದ ಗಿಡಗಳನ್ನು ಹಚ್ಚಿದರು. ಅಂದು ಯುವಕರಾಗಿದ್ದವರು ಇಂದು ಇಳಿವಯಸ್ಸಿನಲ್ಲಿದ್ದಾರೆ. ಅಂಥ ದಿನಗಳ ರೀಲು, ಕ್ಯಾಸೆಟ್ಟುಗಳು ಯಾರ ಕಪಾಟಿನಲ್ಲಿದ್ದರೂ ಅವು ನಮ್ಮ ಚಳವಳಿಯ ದಸ್ತಾವೇಜುಗಳು. ಊರಿನ ಗುಡ್ಡ ಅಂದು ಹೇಗಿತ್ತೆಂಬುದಕ್ಕೂ ಸಾಕ್ಷಿಗಳು.

ಇಲ್ಲಿ ನನ್ನದೇ ತಪ್ಪೊಂದನ್ನು ಹೇಳಿಕೊಳ್ಳಬೇಕು. ಸಂಶೋಧನಾ ವಿದ್ಯಾರ್ಥಿಯಾಗಿದ್ದಾಗ, ಮಲೆನಾಡಿನ ಅಜ್ಜಿಯೊಬ್ಬರು ಬೀಜಕ್ಕಾಗಿ ಭತ್ತದ ತೆನೆ ಆರಿಸುವ ಬಗೆಯನ್ನು ವಿಡಿಯೊ ಮಾಡಿದ್ದೆ. ಅವರು ಕೊಟ್ಟ ಬೀಜವನ್ನು ಒಣಗಿಸಿ, ಗಾಳಿಯಾಡದ ಡಬ್ಬಿಗೆ ತುಂಬಿ, ತಂಪಿನಲ್ಲಿರಿಸಿದೆ. ಕ್ಯಾಸೆಟ್ಟನ್ನು ಮಾತ್ರ ಮನೆಯ ಅಟ್ಟದ ಮೇಲಿಟ್ಟೆ. ಕೆಲವು ಮಳೆಗಾಲ ಕಳೆದು ತೆಗೆದಾಗ ಟೇಪಿನ ತುಂಬ ಬೂಷ್ಟು. ಅಷ್ಟರಲ್ಲಿ ಅಜ್ಜಿಯೂ ತೀರಿಕೊಂಡಿದ್ದರು. ಬೀಜ ಮೊಳೆಯಿತು, ಅದನ್ನು ಆರಿಸಿದ ಕೈಗಳನ್ನು ಮತ್ತೆ ನೋಡಲಾಗಲಿಲ್ಲ.

ಬೀಜಕ್ಕೂ ಚಿತ್ರಕ್ಕೂ ವೈರಿಗಳು ಅವೇ: ತೇವ ಮತ್ತು ಶಾಖ. ಬೀಜದ ತೇವಾಂಶ ಶೇ. 1ರಷ್ಟು ಇಳಿದರೆ ಅದರ ಆಯುಷ್ಯ ಹೆಚ್ಚುಕಡಿಮೆ ಇಮ್ಮಡಿಯಾಗುತ್ತದೆ ಎಂಬುದು ನಮ್ಮ ಶಾಸ್ತ್ರದ ಸ್ಥೂಲ ಸೂತ್ರ. ಅಸಿಟೇಟ್ ಫಿಲ್ಮು ತೇವ, ಶಾಖಗಳಿಗೆ ಸಿಕ್ಕಿ ಅಸಿಟಿಕ್ ಆಮ್ಲವನ್ನು ಬಿಡುತ್ತದೆ. ಆ ಆಮ್ಲವೇ ಕೆಡುಕನ್ನು ಚುರುಕುಗೊಳಿಸಿ ಪಕ್ಕದ ರೀಲಿಗೂ ದಾಟಿಸುತ್ತದೆ. ಡಬ್ಬಿ ತೆರೆದಾಗ ಹುಳಿ ವಾಸನೆ ಬಂದರೆ ಆ ರೀಲನ್ನು ಬೇರೆಯಾಗಿಡಿ. ಯಂತ್ರಕ್ಕೆ ಹಾಕದೆ ಬಲ್ಲವರಿಗೆ ತೋರಿಸಿ.

2003ರ ಜನವರಿಯಲ್ಲಿ ಪುಣೆಯಲ್ಲಿ ಬೆಂಕಿ ಬಿದ್ದು ಅಪಾರ ನೈಟ್ರೇಟ್ ಫಿಲ್ಮುಗಳು ನಾಶವಾದವು. ಎಲ್ಲವನ್ನೂ ಒಂದೇ ಕಣಜದಲ್ಲಿಡಬಾರದೆಂಬುದು ರೈತನಿಗೆ ಗೊತ್ತು. ಹಲವು ಮನೆಗಳಿಗೆ ಹಂಚಿದ ತಳಿ ಉಳಿಯುತ್ತದೆ. ಆದ್ದರಿಂದ ಡಿಜಿಟಲ್ ಪ್ರತಿಗಳು ಎರಡು ಊರುಗಳಲ್ಲಾದರೂ ಇರಲಿ. ಹಾರ್ಡ್ ಡಿಸ್ಕೂ ಕೆಡುವಂಥದ್ದೇ, ಕೆಲವು ವರ್ಷಗಳಿಗೊಮ್ಮೆ ಹೊಸದಕ್ಕೆ ವರ್ಗಾಯಿಸಿ. ಊರು, ವರ್ಷ, ಚಿತ್ರದಲ್ಲಿರುವವರ ಹೆಸರುಗಳನ್ನು ಬರೆದಿಡಿ. ಅವರ ಒಪ್ಪಿಗೆ ಪಡೆದು, ಮೊದಲ ಪ್ರದರ್ಶನವನ್ನು ಅವರ ಊರಿನಲ್ಲೇ ಏರ್ಪಡಿಸಿ.

ಮಳೆಗಾಲಕ್ಕೆ ಮುನ್ನ ಬೀಜವನ್ನು ಹೊರತೆಗೆದು ಬಿಸಿಲಿಗೆ ಹರಡುವುದು ನಮ್ಮ ವಾಡಿಕೆ. ಈ ಸಲ ಅದೇ ದಿನ ಅಟ್ಟದ ಪೆಟ್ಟಿಗೆಯನ್ನೂ ಕೆಳಗಿಳಿಸಿ. ಅದನ್ನು ಬಿಸಿಲಿಗೆ ಮಾತ್ರ ಇಡಬೇಡಿ.